ಕೀಲಿಕೈ ಯಾರ ಜೇಬಿನಲ್ಲಿದೆ?

ಓಡುತ್ತಿರುವ ಯಂತ್ರದೆದುರು ಮನುಷ್ಯನು ಸ್ವಭಾವತಃ ಎಚ್ಚರದಿಂದಿರುತ್ತಾನೆ. ಅದರ ಸದ್ದು, ಅದರ ಪಟ್ಟಾದ ವೇಗ, ಅದರ ಗಾಲಿಗಳಿಂದ ಮುಖಕ್ಕೆ ಬೀಸುವ ಗಾಳಿ, ಇವೆಲ್ಲವೂ ಅವನನ್ನು ಒಂದು ಮಾರು ದೂರದಲ್ಲಿಯೇ ನಿಲ್ಲಿಸತಕ್ಕ ಸೂಚನೆಗಳಾಗಿ ಪರಿಣಮಿಸುತ್ತವೆ. ತಿರುಗುವ ಗಾಲಿಗೆ ಬೇಕೆಂದೇ ಕೈಯೊಡ್ಡುವವನು ವಿರಳ. ನಿಂತ ಯಂತ್ರಕ್ಕಾದರೋ ಇಂಥ ಯಾವ ಮುನ್ಸೂಚನೆಯೂ ಇಲ್ಲ. ಅದರ ಹೊದಿಕೆಯನ್ನು ಕಳಚಿ, ಸರಳುಗಳ ನಡುವೆ ತೋಳನ್ನು ತೂರಿಸಿ, ಕೆಲವೊಮ್ಮೆ ಇಡೀ ದೇಹವನ್ನೇ ಅದರ ಉದರದೊಳಗೆ ಇಳಿಸಿ ಮನುಷ್ಯನು ದುರಸ್ತಿಯ ಕಾರ್ಯದಲ್ಲಿ ತಲ್ಲೀನನಾಗುವುದು ಅದು ನಿಂತಿರುವಾಗಲೇ. ಆದುದರಿಂದ ಅದು ಅಕಸ್ಮಾತ್ತಾಗಿ ಚಲಿಸತೊಡಗಿತೆಂದರೆ, ಹಿಂದೆ ಸರಿಯುವುದಕ್ಕೆ ಅವನಿಗೆ ಸ್ಥಳವೂ ಇರುವುದಿಲ್ಲ, ಕಾಲವೂ ಇರುವುದಿಲ್ಲ. ಯಂತ್ರವನ್ನು ನಿಲ್ಲಿಸುವುದು ಒಂದು ಕಾರ್ಯ. ನಿಂತುದನ್ನು ನಿಂತಂತೆಯೇ ಇರಿಸುವುದು ಬೇರೆಯೇ ಆದ ಇನ್ನೊಂದು ಕಾರ್ಯ. ಮೊದಲನೆಯದಕ್ಕೆ ಒಂದು ಗುಂಡಿ ಸಾಕು. ಎರಡನೆಯದಕ್ಕೆ ಬೇಕಾದುದು ಒಂದು ಕೀಲಿ, ಮತ್ತು ಅದರ ಕೀಲಿಕೈಯು ಯಾರ ಜೇಬಿನಲ್ಲಿರತಕ್ಕದ್ದೆಂಬ ನಿಶ್ಚಯ.

ಇಂಥ ವಿಷಯವನ್ನು ಸಪ್ತಾಪುರದಲ್ಲಿ ಕುಳಿತು ಬರೆಯುವುದು ಕೆಲವರಿಗೆ ವಿಚಿತ್ರವಾಗಿ ತೋರಬಹುದು. ಸ್ಪರ್ಧಾತ್ಮಕ ಪರೀಕ್ಷೆಗಳ ಸಿದ್ಧತೆಗಾಗಿ ಉತ್ತರ ಕರ್ನಾಟಕದ ಎಲ್ಲ ಜಿಲ್ಲೆಗಳಿಂದಲೂ ಬಂದ ತರುಣ ತರುಣಿಯರು ಬಾಡಿಗೆಯ ಕೋಣೆಗಳಲ್ಲಿಯೂ ವಾಚನಾಲಯಗಳಲ್ಲಿಯೂ ಖಾನಾವಳಿಗಳಲ್ಲಿಯೂ ತುಂಬಿಕೊಂಡಿರುವ ಧಾರವಾಡದ ಈ ಭಾಗವು ಪುಸ್ತಕಗಳಿಗೆ ಹೆಸರಾದುದೇ ಹೊರತು ಯಂತ್ರಗಳಿಗಲ್ಲ. ಆದರೆ ಖಾನಾವಳಿಯ ರೊಟ್ಟಿಗೆ ಜೋಳದ ಹಿಟ್ಟು ಬೇಕು, ಹಿಟ್ಟಿಗೆ ಗಿರಣಿ ಬೇಕು, ಗಿರಣಿಯ ಮೋಟಾರು ಸುಟ್ಟರೆ ಅದನ್ನು ಸುತ್ತಿಕೊಡುವ ಅಂಗಡಿ ಬೇಕು. ಇನ್ನು ಊರ ಹೊರಗೆ ಬೆಳಗಾವಿಯ ಹೆದ್ದಾರಿಯನ್ನು ಹಿಡಿದರೆ, ಬಸ್ಸುಗಳ ಮೈಕಟ್ಟುವ ಮತ್ತು ನೆಲ ಅಗೆಯುವ ಯಂತ್ರಗಳನ್ನು ತಯಾರಿಸುವ ದೊಡ್ಡ ಕಾರ್ಖಾನೆಗಳೂ, ಅವುಗಳನ್ನು ಆಶ್ರಯಿಸಿ ಬದುಕುವ ಚಿಕ್ಕ ಚಿಕ್ಕ ವರ್ಕ್‌ಶಾಪುಗಳೂ ಇರುವ ಬೇಲೂರು ಕೈಗಾರಿಕಾ ಪ್ರದೇಶ ಎದುರಾಗುತ್ತದೆ. ಹುಬ್ಬಳ್ಳಿಯ ದಿಕ್ಕಿಗೆ ತಿರುಗಿದರೆ ರಾಯಾಪುರ, ಗೋಕುಲ ರಸ್ತೆ, ತಾರಿಹಾಳಗಳಿವೆ. ಸಪ್ತಾಪುರದ ಕೋಣೆಗಳಲ್ಲಿ ಸರಕಾರಿ ನೌಕರಿಯ ಕನಸು ಕಾಣುತ್ತಿರುವವರಲ್ಲಿ ಎಷ್ಟೋ ಜನರ ಅಣ್ಣಂದಿರು ಆ ವರ್ಕ್‌ಶಾಪುಗಳ ಎಣ್ಣೆ ಮೆತ್ತಿದ ಅಂಗಿಯಲ್ಲಿ ದುಡಿದು ತಮ್ಮಂದಿರ ಫೀ ಕಟ್ಟುತ್ತಿರುತ್ತಾರೆ.

ಗಿರಣಿಯಿಂದಲೇ ಆರಂಭಿಸೋಣ. ಮಧ್ಯಾಹ್ನದ ಹೊತ್ತು ಕರೆಂಟು ಹೋಗುತ್ತದೆ. ಬೀಸುತ್ತಿದ್ದ ಕಲ್ಲು ನಿಧಾನವಾಗಿ ನಿಲ್ಲುತ್ತದೆ. ಡಬ್ಬಿಗಳ ಸಾಲು ಹಾಗೆಯೇ ಇದೆ, ಗಿರಾಕಿಗಳು ಕಟ್ಟೆಯ ಮೇಲೆ ಕುಳಿತಿದ್ದಾರೆ; ಹೇಗಿದ್ದರೂ ಕೆಲಸವಿಲ್ಲವೆಂದು ಗಿರಣಿಯವನು ಬಹಳ ದಿನದಿಂದ ಮುಂದೂಡುತ್ತ ಬಂದಿದ್ದ ಸಣ್ಣ ದುರಸ್ತಿಗೆ ಕೈಹಾಕುತ್ತಾನೆ; ಪಟ್ಟಾ ಬಿಗಿಮಾಡುತ್ತಾನೆ, ಕಲ್ಲಿನ ಸಂದಿಯಲ್ಲಿ ಸಿಕ್ಕಿಕೊಂಡ ಹಿಟ್ಟನ್ನು ಬೆರಳಿನಿಂದ ಕೆರೆಯುತ್ತಾನೆ. ಈ ಹೊತ್ತಿಗೆ ಯಂತ್ರವನ್ನು ನಿಲ್ಲಿಸಿದವನು ಅವನಲ್ಲ. ಎಲ್ಲಿಯೋ ದೂರದ ಸಬ್‌ಸ್ಟೇಷನ್ನಿನಲ್ಲಿ, ಇವನ ಹೆಸರನ್ನೂ ಕೇಳರಿಯದ ಯಾರೋ ಒಬ್ಬರು ಅದನ್ನು ನಿಲ್ಲಿಸಿದ್ದಾರೆ, ಮತ್ತು ಅವರು ಮನಸ್ಸು ಮಾಡಿದ ಕ್ಷಣದಲ್ಲಿ ಅದು ಪುನಃ ಹೊರಡಬಲ್ಲುದು. ವಿದ್ಯುತ್ತಿನ ಕೊರತೆಯನ್ನು ನಿತ್ಯದ ಸಂಗತಿಯೆಂದು ಒಪ್ಪಿಕೊಂಡಿರುವ ನಮ್ಮಂಥ ನಾಡಿನಲ್ಲಿ ಯಂತ್ರದ ಇಂಥ ಹುಸಿ ನಿಲುಗಡೆಗಳು ಇತರೆಡೆಗಿಂತ ಹೆಚ್ಚಾಗಿರುವುದರಿಂದ, ಕೀಲಿಯ ಅವಶ್ಯಕತೆಯೂ ನಮಗೆ ಇತರರಿಗಿಂತ ಹೆಚ್ಚಾಗಿಯೇ ಇದೆ.

ಈ ಅಪಾಯಕ್ಕೆ ಯಂತ್ರಶಾಸ್ತ್ರಜ್ಞರು ಪರಿಹಾರವನ್ನು ಕಾಣದೆ ಇಲ್ಲ. ಮೋಟಾರಿನ ಸ್ಟಾರ್ಟರ್ ಪೆಟ್ಟಿಗೆಯೊಳಗೆ ನೋ-ವೋಲ್ಟ್ ಕಾಯಿಲ್ ಎಂಬ ಸಣ್ಣದೊಂದು ಸುರುಳಿ ಇರುತ್ತದೆ. ಹಸಿರು ಗುಂಡಿಯನ್ನು ಒತ್ತಿದಾಗ ಅದು ಅಯಸ್ಕಾಂತವಾಗಿ ಮಾರ್ಪಟ್ಟು, ಮೋಟಾರಿಗೆ ವಿದ್ಯುತ್ತನ್ನೊಯ್ಯುವ ಸಂಪರ್ಕದ ತುಂಡುಗಳನ್ನು ಹಿಡಿದಿಟ್ಟುಕೊಳ್ಳುತ್ತದೆ. ಕರೆಂಟು ಹೋದೊಡನೆಯೇ ಅದರ ಹಿಡಿತ ಸಡಿಲಿ ಸಂಪರ್ಕವು ಕಡಿದುಹೋಗುವುದರಿಂದ, ಕರೆಂಟು ಮರಳಿ ಬಂದರೂ ಮತ್ತೊಮ್ಮೆ ಗುಂಡಿಯನ್ನೊತ್ತದೆ ಮೋಟಾರು ತಿರುಗದು. ಆದರೆ ಈ ಸುರುಳಿಯು ಸುಟ್ಟುಹೋದಾಗ ಹೊಸದನ್ನು ತರುವ ಬದಲು ಸಂಪರ್ಕದ ಪಟ್ಟಿಯ ಸಂದಿಗೆ ಮರದ ಚೂರೊಂದನ್ನು ಸಿಕ್ಕಿಸಿ ಕೆಲಸ ಸಾಗಿಸುವ ಚಾತುರ್ಯವು ನಮ್ಮಲ್ಲಿದೆ. ಹೊಲಗಳಲ್ಲಿ ಇದು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದೆ: ಪಂಪಸೆಟ್ಟಿಗೆ ತ್ರೀ-ಫೇಸ್ ಕರೆಂಟು ಯಾವಾಗ ಬಂದೀತೆಂಬ ಖಾತ್ರಿಯಿಲ್ಲದ ರೈತನು, ನಡುರಾತ್ರಿಯಲ್ಲಿ ಎದ್ದು ಹೋಗುವ ಕಷ್ಟವನ್ನು ತಪ್ಪಿಸಿಕೊಳ್ಳಲು ಆಟೋ ಸ್ಟಾರ್ಟರನ್ನು ಕೂಡಿಸಿರುತ್ತಾನೆ, ಕರೆಂಟು ಬಂದೊಡನೆ ಪಂಪು ತಾನಾಗಿಯೇ ಎತ್ತಿಕೊಳ್ಳುತ್ತದೆ. ರೈತನನ್ನು ನಾನು ದೂರಲಾರೆ. ಆದರೆ ಮರುದಿನ ಪಂಪಿನ ಕಪ್ಲಿಂಗನ್ನು ಬಿಚ್ಚಿ ಕುಳಿತವನಿಗೆ, ತನ್ನ ಹಿಂದೆ ಗೋಡೆಗೆ ತೂಗುಹಾಕಿದ ಆ ಪೆಟ್ಟಿಗೆಯು ಯಾರ ಅಪ್ಪಣೆಗೂ ಕಾಯುವುದಿಲ್ಲವೆಂಬ ಎಚ್ಚರ ಇರಲೇಬೇಕು.

ಹಾಗಾದರೆ ದುರಸ್ತಿಗೆ ಇಳಿಯುವವನು ತನ್ನ ರಕ್ಷಣೆಯನ್ನು ಹೇಗೆ ಮಾಡಿಕೊಳ್ಳತಕ್ಕದ್ದು? ನಮ್ಮಲ್ಲಿ ಬಹುಮಟ್ಟಿಗೆ ಬಳಕೆಯಲ್ಲಿರುವ ಉಪಾಯವೆಂದರೆ ಕೂಗುವುದು. ಒಬ್ಬನು ಒಳಗಿನಿಂದ "ಹಾಕಬ್ಯಾಡೋ" ಎನ್ನುತ್ತಾನೆ. ಪಕ್ಕದ ಲೇಥು, ಗ್ರೈಂಡರುಗಳ ಗದ್ದಲದಲ್ಲಿ ನಡುವಣ ಅಕ್ಷರಗಳು ಕರಗಿ ಸ್ವಿಚ್ಚಿನ ಬಳಿಯಲ್ಲಿದ್ದವನ ಕಿವಿಗೆ ಬೀಳುವುದು "ಹಾಕೋ" ಎಂಬುದು ಮಾತ್ರ. ಎರಡನೆಯ ಉಪಾಯ, ಸ್ವಿಚ್ಚಿನ ಬಳಿ ಹುಡುಗನೊಬ್ಬನನ್ನು ಕಾವಲು ನಿಲ್ಲಿಸುವುದು. ಹುಡುಗನನ್ನು ಯಾರೋ ಚಹಾ ತರಲು ಅಟ್ಟುತ್ತಾರೆ. ಮೂರನೆಯದು ಹಳೆಯ ವಯರಮನ್ನರ ಉಪಾಯ, ಮತ್ತು ಇದನ್ನು ನಾನು ಗೌರವದಿಂದ ಸ್ಮರಿಸುತ್ತೇನೆ: ಅವರು ಮೇನ್ ಸ್ವಿಚ್ಚನ್ನು ಇಳಿಸಿದ ಮೇಲೆ ಮೂರೂ ಕಿಟ್‌ಕ್ಯಾಟ್ ಫ್ಯೂಜುಗಳ ಪಿಂಗಾಣಿ ಹಿಡಿಕೆಗಳನ್ನು ಕಿತ್ತು ತಮ್ಮ ಅಂಗಿಯ ಜೇಬಿಗೆ ಹಾಕಿಕೊಂಡು, ಜೇಬು ಜೋತುಬಿದ್ದರೂ ಲೆಕ್ಕಿಸದೆ ಏಣಿಯನ್ನು ಹತ್ತುತ್ತಿದ್ದರು. ಯಾವ ಸುರಕ್ಷಾ ಗ್ರಂಥವನ್ನೂ ಓದದ ಆ ಮನುಷ್ಯರು ಈ ಶಾಸ್ತ್ರದ ತಿರುಳನ್ನು ತಾವಾಗಿಯೇ ಕಂಡುಕೊಂಡಿದ್ದರು. ಯಂತ್ರವನ್ನು ಪುನಃ ನಡೆಸುವ ಸಾಮರ್ಥ್ಯವು, ಯಾರ ದೇಹವು ಅಪಾಯದಲ್ಲಿದೆಯೋ ಅವನ ದೇಹದ ಮೇಲೆಯೇ ಇರಬೇಕೆಂಬುದೇ ಆ ತಿರುಳು. ಆ ಉಪಾಯದ ನ್ಯೂನತೆಯೆಂದರೆ, ಬಿಡಿ ಹಿಡಿಕೆಗಳು ಎಲ್ಲ ಅಂಗಡಿಗಳಲ್ಲಿಯೂ ದೊರೆಯುತ್ತವೆ, ಅವಸರದವನು ತಂತಿಯ ತುಂಡೊಂದನ್ನಾದರೂ ಸಿಕ್ಕಿಸಿಬಿಡುತ್ತಾನೆ. ಮೇಲಾಗಿ ಇಂದಿನ ಬ್ರೇಕರುಗಳ ಕಾಲದಲ್ಲಿ ಕಿತ್ತು ಜೇಬಿಗಿಳಿಸಲು ಫ್ಯೂಜೇ ಇಲ್ಲ.

ಕೈಗಾರಿಕಾ ಜಗತ್ತು ಲಾಕೌಟ್-ಟ್ಯಾಗೌಟ್ ಎಂದು ಕರೆಯುವ ಪದ್ಧತಿಯು ಆ ಜೇಬಿನ ಫ್ಯೂಜನ್ನೇ ಕ್ರಮಬದ್ಧಗೊಳಿಸಿದ ರೂಪ. (ಮಾಲೀಕರು ಕಾರ್ಮಿಕರನ್ನು ಹೊರಗಿಟ್ಟು ಗೇಟು ಮುಚ್ಚುವ ಲಾಕೌಟಿಗೂ ಇದಕ್ಕೂ ಯಾವ ಸಂಬಂಧವೂ ಇಲ್ಲ.) ಮೊದಲು ಯಂತ್ರದ ಸುತ್ತ ಕೆಲಸ ಮಾಡುವ ಎಲ್ಲರಿಗೂ ತಿಳಿಸಿ, ಯಂತ್ರವನ್ನು ಅದರ ಕ್ರಮದಲ್ಲಿ ನಿಲ್ಲಿಸಬೇಕು. ಆ ಬಳಿಕ ಅದಕ್ಕೆ ಶಕ್ತಿ ಬರುವ ಮೂಲವನ್ನೇ ಕಡಿಯಬೇಕು. ಇಲ್ಲಿ ಒಂದು ಭ್ರಮೆಯನ್ನು ಬಿಡಿಸುವುದು ಅಗತ್ಯ: ಯಂತ್ರದ ಮೈಮೇಲಿನ ಕೆಂಪು ಗುಂಡಿಯಾಗಲಿ, ಅಣಬೆಯಾಕಾರದ ಎಮರ್ಜೆನ್ಸಿ ಗುಂಡಿಯಾಗಲಿ, ಮೂಲವನ್ನು ಕಡಿಯುವ ಸಾಧನವಲ್ಲ, ಅವು ನಿಯಂತ್ರಣದ ಮಂಡಲಕ್ಕೆ ನಿಲ್ಲೆಂಬ ಆದೇಶವನ್ನು ಕೊಡುತ್ತವೆಯೇ ಹೊರತು, ಪೆಟ್ಟಿಗೆಯವರೆಗೂ ಬಂದು ನಿಂತಿರುವ ವಿದ್ಯುತ್ತನ್ನು ಹಿಂದಟ್ಟುವುದಿಲ್ಲ. ಕಡಿಯಬೇಕಾದುದು ಮೇನ್ ಸ್ವಿಚ್ಚಿನಲ್ಲಿ, ಬ್ರೇಕರಿನಲ್ಲಿ, ಉಗಿ ಅಥವಾ ಗಾಳಿಯ ಕೊಳವೆಯಾದರೆ ಅದರ ವಾಲ್ವಿನಲ್ಲಿ. ಕಡಿದ ಹಿಡಿಕೆಯನ್ನು ಆ ಸ್ಥಿತಿಯಿಂದ ಅಲುಗದಂತೆ ಕೀಲಿ ಹಾಕಿ, ಕೀಲಿಯೊಡನೆ ಯಾರು, ಯಾವಾಗ, ಯಾವ ಕೆಲಸಕ್ಕೆ ಹಾಕಿದರೆಂಬ ಚೀಟಿಯನ್ನು ತೂಗಬಿಡಬೇಕು. ಚೀಟಿಯು ಹೇಳುತ್ತದೆ, ಕೀಲಿಯು ತಡೆಯುತ್ತದೆ. ಬಿಹಾರ, ಒಡಿಶಾಗಳಿಂದ ದುಡಿಯಲು ಬಂದವರು ನಮ್ಮವರ ಜತೆಗೆ ನಿಲ್ಲುವ ಕಾರ್ಖಾನೆಯಲ್ಲಿ ಆ ಚೀಟಿಯನ್ನು ಕೇವಲ ಇಂಗ್ಲಿಷಿನಲ್ಲಿ ಅಚ್ಚುಹಾಕಿಸಿದರೆ ಅದು ಗೋಡೆಯ ಅಲಂಕಾರಕ್ಕಿಂತ ಹೆಚ್ಚಿನ ಕೆಲಸ ಮಾಡಲಾರದು. ಕೀಲಿಯಾದರೋ ಎಲ್ಲ ಭಾಷೆಯವರಿಗೂ ಸಮಾನವಾಗಿ ಅರ್ಥವಾಗುತ್ತದೆ.

ಕೀಲಿ ಹಾಕಿದ ಮಾತ್ರಕ್ಕೆ ಯಂತ್ರವು ನಿಃಶಕ್ತವಾಯಿತೆಂದು ತಿಳಿಯುವುದು ಅನುಭವಿಗಳನ್ನೂ ಮೋಸಗೊಳಿಸಿದ ತಪ್ಪು. ಹೊರಗಿನಿಂದ ಬರುವ ಶಕ್ತಿಯನ್ನು ಕಡಿದ ಮೇಲೆಯೂ ಒಳಗೆ ಸಂಚಯವಾಗಿ ಉಳಿದ ಶಕ್ತಿಯೊಂದಿರುತ್ತದೆ. ತಗಡನ್ನು ಅಚ್ಚೊತ್ತುವ ಪ್ರೆಸ್ಸಿನ ಫ್ಲೈವ್ಹೀಲು ಮೋಟಾರು ನಿಂತ ಎಷ್ಟೋ ಹೊತ್ತು ತಿರುಗುತ್ತಲೇ ಇರುತ್ತದೆ. ಮೇಲೆತ್ತಿ ನಿಲ್ಲಿಸಿದ ಪ್ರೆಸ್ಸಿನ ಭಾರಕ್ಕೆ ಕೆಳಗಿಳಿಯಲು ವಿದ್ಯುತ್ತಿನ ಅಪ್ಪಣೆ ಬೇಕಿಲ್ಲ, ಭೂಮಿಯ ಆಕರ್ಷಣೆಯೇ ಸಾಕು. ನೆಲ ಅಗೆಯುವ ಯಂತ್ರದ ತೋಳು ಗಾಳಿಯಲ್ಲಿ ನಿಂತಿರುವುದು ಅದರ ನಳಿಗೆಯೊಳಗಿನ ಎಣ್ಣೆಯ ಒತ್ತಡದ ಬಲದಿಂದ. ಎಂಜಿನ್ನನ್ನು ಆರಿಸಿದರೂ ಒತ್ತಡವು ಆರುವುದಿಲ್ಲ, ನಳಿಗೆಯ ಜೋಡಣೆಯನ್ನು ಸಡಿಲಿಸಿದವನ ಮೇಲೆ ತೋಳು ಕುಸಿಯುತ್ತದೆ. ಕಂಪ್ರೆಸರಿನ ಟಾಕಿಯಲ್ಲಿ ಗಾಳಿ, ಬಿಗಿದ ಸ್ಪ್ರಿಂಗಿನಲ್ಲಿ ಸೆಳೆತ, ಬಾಯ್ಲರಿನ ಕೊಳವೆಯಲ್ಲಿ ಉಗಿ, ಮೋಟಾರಿನ ವೇಗವನ್ನು ಹತೋಟಿಯಲ್ಲಿಡುವ ಡ್ರೈವ್ ಪೆಟ್ಟಿಗೆಯ ಕೆಪ್ಯಾಸಿಟರುಗಳಲ್ಲಿ ಪ್ರಾಣಹಾರಕ ವಿದ್ಯುತ್ತು, ಹೀಗೆ ಶಕ್ತಿಯು ನಾನಾ ವೇಷಗಳಲ್ಲಿ ಅಡಗಿಕೊಂಡಿರುತ್ತದೆ. ಈ ಕೊನೆಯದಕ್ಕೆ, ಮೇನ್ ಕಡಿದ ಬಳಿಕ ಇಷ್ಟು ನಿಮಿಷ ಕಾಯದೆ ತೆರೆಯಕೂಡದೆಂದು ತಯಾರಕರು ಪೆಟ್ಟಿಗೆಯ ಮುಚ್ಚಳದ ಮೇಲೆಯೇ ಮುದ್ರಿಸಿರುತ್ತಾರೆ. ನಮ್ಮಲ್ಲಿ ಆ ಅಕ್ಷರಗಳ ಮೇಲೆ ಸಾಮಾನ್ಯವಾಗಿ ಊದುಬತ್ತಿಯ ಸ್ಟ್ಯಾಂಡೊಂದನ್ನು ಅಂಟಿಸಿರುತ್ತದೆ. ಗಾಳಿಯನ್ನು ಹೊರಬಿಟ್ಟು, ಭಾರವನ್ನು ಕೆಳಗಿಳಿಸಿ ಅಥವಾ ಅದರ ಕೆಳಗೆ ಗಟ್ಟಿಯಾದ ದಿಮ್ಮಿಯನ್ನು ಕೊಟ್ಟು, ಸ್ಪ್ರಿಂಗನ್ನು ಸಡಿಲಿಸಿ, ಉಳಿದ ವಿದ್ಯುತ್ತನ್ನು ಭೂಮಿಗಿಳಿಸಿದ ಮೇಲೆಯೇ ಯಂತ್ರವು ನಿಜಾರ್ಥದಲ್ಲಿ ನಿಂತಂತಾಯಿತು.

ಅದೂ ಆದ ಮೇಲೆ ಉಳಿಯುವ ಒಂದು ಕ್ರಿಯೆಯನ್ನು ಬಲ್ಲವರು ಎಲ್ಲಕ್ಕಿಂತ ಮುಖ್ಯವೆಂದು ಎಣಿಸುತ್ತಾರೆ, ಉಳಿದವರು ಹಾಸ್ಯಾಸ್ಪದವೆಂದು ಬಿಟ್ಟುಬಿಡುತ್ತಾರೆ: ಕೀಲಿ ಹಾಕಿದ ಯಂತ್ರದ ಹಸಿರು ಗುಂಡಿಯನ್ನು ಒಮ್ಮೆ ಒತ್ತಿ ನೋಡುವುದು. ಅದು ಹೊರಡದಿದ್ದರೆ ಸರಿ. ಹೊರಟರೆ, ನಾವು ಕೀಲಿ ಹಾಕಿದ್ದು ಪಕ್ಕದ ಯಂತ್ರದ ಸ್ವಿಚ್ಚಿಗೆಂದು ಆಗ ಗೊತ್ತಾಗುತ್ತದೆ. ವರ್ಷಾನುವರ್ಷ ಯಂತ್ರಗಳ ಜಾಗ ಬದಲಾಗಿ, ಸ್ವಿಚ್ಚುಗಳ ಮೇಲಿನ ಬಣ್ಣದ ಅಂಕಿಗಳು ಮಾತ್ರ ಬದಲಾಗದೆ ಉಳಿದ ಹಳೆಯ ಶೆಡ್ಡುಗಳಲ್ಲಿ ಇದು ಕಲ್ಪನೆಯ ಮಾತಲ್ಲ. ಗುಂಡಿಯೊಂದನ್ನೇ ನಂಬದೆ ಟೆಸ್ಟರಿನಿಂದ ತಂತಿಗಳನ್ನೂ ಪರೀಕ್ಷಿಸಿ, ಒತ್ತಿದ ಗುಂಡಿಯನ್ನು ಮತ್ತೆ ನಿಲುಗಡೆಯ ಸ್ಥಿತಿಗೆ ತಂದಿಡುವುದನ್ನು ಮರೆಯದೆ, ಆ ಮೇಲೆ ಕೈ ಒಳಗೆ ಹೋಗಬೇಕು.

ಒಂದೇ ಯಂತ್ರದ ಮೇಲೆ ನಾಲ್ವರು ಕೆಲಸ ಮಾಡುವಾಗ ನಾಲ್ಕು ಕೀಲಿಗಳು. ಹಲವು ತೂತುಗಳುಳ್ಳ ಉಕ್ಕಿನ ಇಕ್ಕಳವೊಂದನ್ನು ಸ್ವಿಚ್ಚಿನ ಹಿಡಿಕೆಗೆ ತೊಡಿಸಿ, ಒಂದೊಂದು ತೂತಿಗೆ ಒಬ್ಬೊಬ್ಬನು ತನ್ನ ತನ್ನ ಕೀಲಿಯನ್ನು ಹಾಕುತ್ತಾನೆ. ಮೂವರು ಕೆಲಸ ಮುಗಿಸಿ ತೆಗೆದುಕೊಂಡು ಹೋದರೂ ನಾಲ್ಕನೆಯವನ ಕೀಲಿ ಇರುವವರೆಗೆ ಇಕ್ಕಳವು ಬಾಯಿ ಬಿಡದು. ಫಿಟ್ಟರನ ಪರವಾಗಿ ಸೂಪರ್‌ವೈಜರನು ಹಾಕುವ ಕೀಲಿ, ಗುತ್ತಿಗೆಯ ಕೂಲಿಗಳ ಪರವಾಗಿ ಗುತ್ತಿಗೆದಾರನು ಹಾಕುವ ಕೀಲಿ, ಇವು ಈ ಪದ್ಧತಿಯಲ್ಲಿ ಕೀಲಿಗಳೇ ಅಲ್ಲ. ಸಹಿಯನ್ನು ಬೇಕಾದರೆ ಒಬ್ಬನ ಪರವಾಗಿ ಇನ್ನೊಬ್ಬನು ಮಾಡಬಹುದು. ಬೆರಳನ್ನು ಮಾತ್ರ ಯಾರೂ ಇನ್ನೊಬ್ಬರ ಪರವಾಗಿ ಕಳೆದುಕೊಳ್ಳಲಾರರು. ಕೀಲಿ ಹಾಕಿದವನು ಕೀಲಿಕೈಯನ್ನು ಮರೆತು ಮನೆಗೆ ಹೋದನೆಂದರೆ ಏನು ಗತಿ? ಅವನು ಕಾರ್ಖಾನೆಯ ಆವರಣದಲ್ಲಿ ಎಲ್ಲಿಯೂ ಇಲ್ಲವೆಂಬುದನ್ನು ನಿಶ್ಚಯಪಡಿಸಿಕೊಂಡು, ಅವನನ್ನು ಸಂಪರ್ಕಿಸಲು ಪ್ರಯತ್ನಿಸಿ, ಜವಾಬ್ದಾರಿಯುಳ್ಳ ಅಧಿಕಾರಿಯೇ ಅದನ್ನು ತೆಗೆಯಿಸಿ, ಮರುದಿನ ಅವನು ಕೆಲಸಕ್ಕೆ ಕೈಹಚ್ಚುವ ಮೊದಲೇ ನಿನ್ನ ಕೀಲಿಯನ್ನು ತೆಗೆದಿದೆಯೆಂದು ಅವನಿಗೆ ತಿಳಿಸಬೇಕು. ಇಷ್ಟು ತೊಡಕಿನ ದಾರಿಯನ್ನು ಬೇಕೆಂದೇ ಇಟ್ಟಿರುವುದು, ಕಟ್ಟರಿನಿಂದ ಕೀಲಿ ಕತ್ತರಿಸುವುದು ಸುಲಭದ ಅಭ್ಯಾಸವಾಗಬಾರದೆಂದು.

ಕೀಲಿಯಿಲ್ಲದೆ ಕೇವಲ ಕಾಗದವನ್ನು ನಂಬಿದರೆ ಏನಾಗಬಲ್ಲುದೆಂಬುದಕ್ಕೆ ಉತ್ತರ ಸಮುದ್ರದ ಪೈಪರ್ ಆಲ್ಫಾ ಎಂಬ ತೈಲವೇದಿಕೆಯ ಕಥೆಗಿಂತ ಘೋರವಾದ ಉದಾಹರಣೆ ಬೇಕಿಲ್ಲ. ಅಲ್ಲಿ ಒಂದೇ ಕೆಲಸದ ಎರಡು ಪಂಪುಗಳಿದ್ದವು. 1988ರ ಜುಲೈ 6ರಂದು ಹಗಲಿನ ಪಾಳಿಯವರು ಒಂದು ಪಂಪಿನ ಸುರಕ್ಷಾ ವಾಲ್ವನ್ನು ಪರೀಕ್ಷೆಗೆಂದು ಕಳಚಿ, ತೆರೆದ ಬಾಯಿಗೆ ಲೋಹದ ಬಿಲ್ಲೆಯೊಂದನ್ನು ತಾತ್ಕಾಲಿಕವಾಗಿ ಮುಚ್ಚಿದರು. ಸಂಜೆಯೊಳಗೆ ಕೆಲಸ ಮುಗಿಯಲಿಲ್ಲ. ವಾಲ್ವು ಇನ್ನೂ ಕೂತಿಲ್ಲವೆಂಬ ಸಂಗತಿಯು ರಾತ್ರಿಯ ಪಾಳಿಯವರಿಗೆ ಬಾಯಿಮಾತಿನಿಂದಲೂ ಮುಟ್ಟಲಿಲ್ಲ, ಅದನ್ನು ತಿಳಿಸಬೇಕಾಗಿದ್ದ ಪರವಾನಗಿಯ ಕಾಗದವೂ ಅವರ ಕಣ್ಣಿಗೆ ಬೀಳಲಿಲ್ಲ. ರಾತ್ರಿ ಸುಮಾರು ಹತ್ತು ಗಂಟೆಯ ಹೊತ್ತಿಗೆ ಎರಡನೆಯ ಪಂಪು ಕೆಟ್ಟು ನಿಂತಿತು. ಇಡೀ ವೇದಿಕೆಯ ವಿದ್ಯುತ್ತು ಹೋದೀತೆಂಬ ಆತುರದಲ್ಲಿ ಅವರು ಕಾಗದಗಳನ್ನು ಹುಡುಕಿದಾಗ, ಮೊದಲನೆಯ ಪಂಪಿನ ದುರಸ್ತಿಗೆ ಸಂಬಂಧಿಸಿದ ಇನ್ನೊಂದು ಪರವಾನಗಿ, ಆ ಕೆಲಸವಿನ್ನೂ ಆರಂಭವಾಗಿಲ್ಲವೆಂದು ತೋರಿಸುವಂಥದು, ಕೈಗೆ ಸಿಕ್ಕಿತು. ಪಂಪನ್ನು ನಡೆಸಿದರು. ಬಿಲ್ಲೆಯ ಸಂದಿಯಿಂದ ನುಗ್ಗಿದ ಅನಿಲವು ಸ್ಫೋಟಗೊಂಡು, ಬೆಂಕಿಯು ವೇದಿಕೆಯನ್ನೇ ನುಂಗಿತು. ಅಲ್ಲಿದ್ದ 226 ಜನರಲ್ಲಿ 165 ಮಂದಿಯೂ, ಅವರ ರಕ್ಷಣೆಗೆ ಬಂದವರಲ್ಲಿ ಇಬ್ಬರೂ, ಒಟ್ಟು 167 ಮಂದಿ ಸತ್ತರು. ಲಾರ್ಡ್ ಕಲೆನ್ನರ ವಿಚಾರಣೆಯು 1990ರಲ್ಲಿ ಕೊಟ್ಟ ವರದಿಯಲ್ಲಿ 106 ಶಿಫಾರಸುಗಳಿದ್ದವು. ಆ ರಾತ್ರಿಯ ನೌಕರರು ಮೂರ್ಖರೂ ಆಗಿರಲಿಲ್ಲ, ಆಲಸಿಗಳೂ ಆಗಿರಲಿಲ್ಲ. ಅವರು ನಿಯಮದಂತೆ ಕಾಗದವನ್ನು ಹುಡುಕಿಯೇ ಹುಡುಕಿದರು. ಕಾಗದವು ಬೇರೊಂದು ಕಪಾಟಿನಲ್ಲಿ ಇರಬಲ್ಲುದು. ಪಂಪಿನ ಸ್ವಿಚ್ಚಿಗೇ ತೂಗಿರುವ ಕೀಲಿಯು ಬೇರೆಲ್ಲಿಯೂ ಇರಲಾರದು.

ಅಮೆರಿಕೆಯ ಸರಕಾರವು ಅಪಾಯಕಾರಿ ಶಕ್ತಿಯ ಹತೋಟಿಗೆಂದು ಪ್ರತ್ಯೇಕವಾದ ಕಟ್ಟಳೆಯನ್ನು 1989ರ ಸಪ್ಟೆಂಬರಿನಲ್ಲಿ ಪ್ರಕಟಿಸಿತು. ಅಲ್ಲಿಯ ಸುರಕ್ಷಾ ಇಲಾಖೆಯ ಅಂದಾಜಿನಂತೆ, ಇದನ್ನು ಪಾಲಿಸುವುದರಿಂದ ವರ್ಷಕ್ಕೆ ಸುಮಾರು 120 ಸಾವುಗಳೂ 50,000 ಗಾಯಗಳೂ ತಪ್ಪುತ್ತವೆ. ಚೀಟಿಯನ್ನು ಕಟ್ಟುವ ದಾರದ ಬಲವನ್ನು ಸಹ ಆ ಕಟ್ಟಳೆಯು ನಿರ್ದೇಶಿಸುತ್ತದೆ. 50 ಪೌಂಡುಗಳ ಎಳೆತಕ್ಕೆ ಅದು ಜಗ್ಗಕೂಡದು. ನಮ್ಮ ದೇಶದಲ್ಲಿ ಇಷ್ಟು ವಿಸ್ತಾರವಾದ ನಿಯಮವಿಲ್ಲದಿದ್ದರೂ ಮೂಲ ವಿಚಾರವು ಅಪರಿಚಿತವೇನೂ ಅಲ್ಲ. 1948ರ ಕಾರ್ಖಾನೆಗಳ ಕಾಯಿದೆಯು, ಚಲಿಸುತ್ತಿರುವ ಯಂತ್ರದ ಬಳಿ ಎಣ್ಣೆ ಬಿಡುವುದಕ್ಕೂ ಸರಿಪಡಿಸುವುದಕ್ಕೂ ವಿಶೇಷವಾಗಿ ತರಬೇತು ಹೊಂದಿದ, ರಿಜಿಸ್ಟರಿನಲ್ಲಿ ಹೆಸರು ದಾಖಲಾದ, ಮೈಗೆ ಅಂಟಿದ ಉಡುಪು ಧರಿಸಿದ ವಯಸ್ಕನನ್ನೇ ನೇಮಿಸಬೇಕೆಂದಿತು. ಆ ಉಡುಪನ್ನು ಮಾಲೀಕನೇ ಒದಗಿಸಬೇಕೆಂದೂ ಹೇಳಿತು. ಧೋತರದ ಸೆರಗು ಪಟ್ಟಾಕ್ಕೆ ಸಿಕ್ಕಿ ಪ್ರಾಣ ಹೋಗುತ್ತಿದ್ದ ಆ ಕಾಲದಲ್ಲಿ ಇದು ಸಣ್ಣ ಮಾತಾಗಿರಲಿಲ್ಲ. 1976ರಲ್ಲಿ ಆದ ತಿದ್ದುಪಡಿಯು ಅದೇ ಕಾಯಿದೆಯ 24ನೆಯ ಕಲಮಿಗೆ ಇನ್ನೊಂದು ಉಪಕಲಮನ್ನು ಸೇರಿಸಿ, ತಿಳಿಯದೆ ತಗಲಿ ಚಾಲೂ ಆಗಬಹುದಾದ ಯಾವುದೇ ಸ್ವಿಚ್ಚನ್ನು ಸುರಕ್ಷಿತ ಸ್ಥಿತಿಯಲ್ಲಿ ಕೀಲಿ ಹಾಕಿಡುವ ವ್ಯವಸ್ಥೆ ಇರತಕ್ಕದ್ದೆಂದು ವಿಧಿಸಿತು. ಅಂದರೆ ಅಮೆರಿಕೆಯ ಕಟ್ಟಳೆಗಿಂತ ಹದಿಮೂರು ವರ್ಷ ಮೊದಲೇ ಕೀಲಿಯು ನಮ್ಮ ಕಾನೂನಿನೊಳಗೆ ಪ್ರವೇಶಿಸಿತ್ತು.

ಆದರೆ ಈ ಕಾನೂನು ಯಾರಿಗೆ ಅನ್ವಯಿಸುತ್ತಿತ್ತು? ವಿದ್ಯುತ್ತಿನಿಂದ ನಡೆಯುವ ಕಡೆ ಹತ್ತು, ವಿದ್ಯುತ್ತಿಲ್ಲದ ಕಡೆ ಇಪ್ಪತ್ತು ಕೆಲಸಗಾರರಿದ್ದರೆ ಮಾತ್ರ ಅದು ಕಾರ್ಖಾನೆ. ಹಳೆಯ ಕಾಯಿದೆಯ ಸ್ಥಾನದಲ್ಲಿ ಬಂದಿರುವ 2020ರ ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ಕೆಲಸದ ಸ್ಥಿತಿಗತಿಗಳ ಸಂಹಿತೆಯು ಆ ಸಂಖ್ಯೆಗಳನ್ನು ಇಪ್ಪತ್ತಕ್ಕೂ ನಲವತ್ತಕ್ಕೂ ಏರಿಸಿದೆ. ಚಿಕ್ಕ ಉದ್ಯಮಗಳ ಮೇಲಿನ ಕಾಗದಪತ್ರಗಳ ಹೊರೆಯನ್ನು ಇಳಿಸುವ ಉದ್ದೇಶ ಒಳ್ಳೆಯದೇ ಇರಬಹುದು. ಆದರೆ ಪ್ರತ್ಯೇಕ ಸುರಕ್ಷಾ ಅಧಿಕಾರಿಯೂ, ಬಣ್ಣಬಣ್ಣದ ಕೀಲಿಗಳ ಫಲಕವೂ ಇರುವುದು ಸಾವಿರ ಜನ ದುಡಿಯುವ ಕಾರ್ಖಾನೆಯಲ್ಲಿ. ಕೆಟ್ಟ ಪ್ರೆಸ್ಸನ್ನು ರಾತ್ರಿಯೊಳಗೆ ಸರಿಮಾಡಿ ಮುಂಜಾನೆಗೆ ಮಾಲು ಕಳಿಸಬೇಕಾದ ಒತ್ತಡವಿರುವುದು ಹನ್ನೆರಡು ಜನರ ಶೆಡ್ಡಿನಲ್ಲಿ. ಕೀಲಿಯು ಎಲ್ಲಿ ಅತ್ಯಂತ ಅಗತ್ಯವೋ ಅಲ್ಲಿಂದಲೇ ಕಾನೂನು ಹಿಂದೆ ಸರಿದಿದೆಯೆಂಬುದು ನನ್ನ ಅಭಿಪ್ರಾಯ, ಮತ್ತು ಈ ಹಿಂದೆಗೆತವು ತಪ್ಪು.

ಸಪ್ತಾಪುರದ ನೆರೆಯಲ್ಲಿಯೇ ಇರುವ ಕರ್ನಾಟಕ ಕಾಲೇಜಿನ ಗಂಭೀರವಾದ ಕಲ್ಲಿನ ಕಟ್ಟಡವನ್ನು ನೋಡದವರಿಲ್ಲ. 1917ರಲ್ಲಿ ಹುಟ್ಟಿದ ಈ ಕಾಲೇಜಿಗೆ ಆಶ್ರಯ ಕೊಟ್ಟ ಆ ಕಟ್ಟಡವು ಅದಕ್ಕೂ ಹಿಂದೆ ದಕ್ಷಿಣ ಮರಾಠಾ ರೈಲ್ವೆ ಕಂಪನಿಯ ಮುಖ್ಯ ಕಚೇರಿಯಾಗಿತ್ತು. ಇದನ್ನು ಇಲ್ಲಿ ನೆನೆಯಲು ಕಾರಣವಿದೆ: ಮಾತನ್ನು ನಂಬದೆ ವಸ್ತುವನ್ನು ನಂಬುವ ಶಿಸ್ತನ್ನು ನಮ್ಮ ಜನರು ಕಾರ್ಖಾನೆಗಳಿಂದ ಕಲಿಯುವುದಕ್ಕಿಂತ ಬಹು ಮೊದಲೇ ರೈಲಿನಿಂದ ಕಲಿತರು. ನಮ್ಮ ದೇಶದ ಒಂಟಿಹಳಿಯ ಮಾರ್ಗಗಳಲ್ಲಿ ಬಹುಕಾಲ ಬಳಕೆಯಲ್ಲಿದ್ದ ನೀಲ್ ಅವರ ಹೆಸರಿನ ಟೋಕನ್ ಯಂತ್ರಗಳು ಎರಡು ನೆರೆಯ ಸ್ಟೇಶನ್ನುಗಳಲ್ಲಿ ಜೋಡಿಯಾಗಿ ಇರುತ್ತಿದ್ದವು. ಎರಡೂ ಕಡೆಯವರು ಸಮ್ಮತಿಸಿದಾಗ ಒಂದು ಯಂತ್ರದಿಂದ ಉಕ್ಕಿನ ಗುಂಡೊಂದು ಹೊರಬರುತ್ತಿತ್ತು. ಅದನ್ನು ಚೀಲದಲ್ಲಿಟ್ಟು ಡ್ರೈವರನಿಗೆ ಕೊಟ್ಟ ಮೇಲೆಯೇ ಗಾಡಿ ಹೊರಡತಕ್ಕದ್ದು. ಆ ಗುಂಡು ಮತ್ತೆ ಯಂತ್ರದೊಳಗೆ ಬೀಳುವವರೆಗೆ ಎರಡೂ ಸ್ಟೇಶನ್ನುಗಳ ಯಂತ್ರಗಳು ಕೀಲಿ ಹಾಕಿದಂತೆ ಬಂದಾಗಿ, ಎರಡನೆಯ ಗುಂಡನ್ನು ಸ್ಟೇಶನ್ ಮಾಸ್ತರನು ಮನಸ್ಸು ಮಾಡಿದರೂ ಹೊರತೆಗೆಯಲಾಗುತ್ತಿರಲಿಲ್ಲ. ಹಳಿಯ ಮೇಲೆ ತಾನೊಬ್ಬನೇ ಇದ್ದೇನೆಂಬ ಪ್ರಮಾಣವನ್ನು ಡ್ರೈವರನು ತನ್ನ ಕೈಯಲ್ಲಿಯೇ ಹಿಡಿದುಕೊಂಡು ಹೋಗುತ್ತಿದ್ದನು.

ರೈಲ್ವೆಯವರು ಇದಕ್ಕೆ ಆಡುತ್ತಿದ್ದ ಲೈನ್ ಕ್ಲಿಯರ್ ಎಂಬ ಮಾತನ್ನೇ ಇಂದು ವಿದ್ಯುತ್ ಇಲಾಖೆಯ ಲೈನ್‌ಮನ್ನರು ಆಡುತ್ತಾರೆ. ಹುಬ್ಬಳ್ಳಿಯ ನವನಗರದಲ್ಲಿ ಮುಖ್ಯ ಕಚೇರಿಯನ್ನು ಹೊಂದಿ ಏಳು ಜಿಲ್ಲೆಗಳಿಗೆ ಬೆಳಕು ಹಂಚುವ ಹೆಸ್ಕಾಂನ ನೌಕರನು ತಂತಿ ಮುಟ್ಟುವ ಮೊದಲು ಎಲ್.ಸಿ. ತೆಗೆದುಕೊಳ್ಳಬೇಕು: ಸಬ್‌ಸ್ಟೇಷನ್ನಿನ ಆಪರೇಟರನು ಫೀಡರನ್ನು ಕಡಿದು, ಪುಸ್ತಕದಲ್ಲಿ ದಾಖಲಿಸಿ, ಒಪ್ಪಿಗೆ ಕೊಡಬೇಕು. ಗಾಳಿಮಳೆಯ ರಾತ್ರಿಯಲ್ಲಿ ಈ ಕೊಡುಕೊಳೆಯು ಬಹುಪಾಲು ಫೋನಿನ ಮೇಲೆ ನಡೆಯುತ್ತದೆ, ಅಂದರೆ ಮತ್ತೆ ಮಾತಿನ ಮೇಲೆ. ಒಂದೇ ಕಂಬದ ಮೇಲೆ ಎರಡು ಫೀಡರುಗಳು ಹಾದುಹೋಗಿರುವಾಗ ಒಂದರ ಹೆಸರಿಗೆ ಇನ್ನೊಂದು ಕಡಿಯಲ್ಪಡಬಹುದು. ಸರಿಯಾದುದನ್ನೇ ಕಡಿದರೂ, ಯಾರದೋ ಕಲ್ಯಾಣಮಂಟಪದ ಜನರೇಟರು ಚೇಂಜ್‌ಓವರ್ ಸ್ವಿಚ್ಚಿಲ್ಲದೆ ಕೂಡಿಸಿದ್ದರೆ ವಿದ್ಯುತ್ತು ಟ್ರಾನ್ಸ್‌ಫಾರ್ಮರಿನ ಮೂಲಕ ಹಿಮ್ಮುಖವಾಗಿ ಏರಿ ತಂತಿಗೆ ಬರಬಹುದು. ಆದುದರಿಂದಲೇ 1956ರ ಭಾರತೀಯ ವಿದ್ಯುಚ್ಛಕ್ತಿ ನಿಯಮಗಳ ಕಾಲದಿಂದಲೂ, ಮುಟ್ಟುವ ಮೊದಲು ತಂತಿಯನ್ನು ಭೂಮಿಗೆ ಜೋಡಿಸಿ ನಿಃಶಕ್ತಗೊಳಿಸಬೇಕು, ಕೆಲಸ ನಡೆದಿರುವಾಗ ಅದು ಮತ್ತೆ ಚಾರ್ಜ್ ಆಗದಂತೆ ತಡೆಯಬೇಕು ಎಂಬ ವಿಧಿಯಿದೆ. ಕೆಲಸದ ಜಾಗದ ಎರಡೂ ಬದಿಗೆ ಹಾಕಿದ ಅರ್ಥಿಂಗ್ ಸರಳುಗಳೂ, ಕಂಬದ ಮೇಲೆ ಲೈನನ್ನು ಕಡಿಯುವ ಜಿ.ಓ.ಎಸ್. ಸ್ವಿಚ್ಚಿನ ಹಿಡಿಕೆಗೆ ತನ್ನ ಕೈಯಿಂದಲೇ ಹಾಕಿದ ಕೀಲಿಯೂ ಲೈನ್‌ಮನ್ನನ ಪಾಲಿಗೆ ಆ ಉಕ್ಕಿನ ಗುಂಡೇ ಸರಿ. ಕಿರಿಯ ಪವರ್‌ಮ್ಯಾನ್ ಹುದ್ದೆಗೆ ಎಂಟು ಮೀಟರ್ ಕಂಬ ಹತ್ತುವ ಪರೀಕ್ಷೆ ಕಡ್ಡಾಯವಾಗಿದೆಯೆಂಬುದು ಇಲ್ಲಿಯ ತರುಣರಿಗೆಲ್ಲ ಗೊತ್ತು. ಹತ್ತುವ ಮೊದಲು ನೆಲದ ಮೇಲೆ ಮಾಡತಕ್ಕ ಈ ಕೆಲಸಗಳನ್ನು ಸಹ ಅಷ್ಟೇ ಕಟ್ಟುನಿಟ್ಟಾಗಿ ಪರೀಕ್ಷಿಸುವಂತಾದರೆ ಇಲಾಖೆಯು ತನ್ನ ಹುಡುಗರಿಗೆ ದೊಡ್ಡ ಉಪಕಾರ ಮಾಡಿದಂತಾಗುತ್ತದೆ.

ಇದೆಲ್ಲಕ್ಕೂ ಹೊತ್ತು ಹಿಡಿಯುತ್ತದೆ, ಉತ್ಪಾದನೆ ನಿಲ್ಲುತ್ತದೆ ಎಂಬ ಆಕ್ಷೇಪಣೆಯನ್ನು ನಾನು ಬಲ್ಲೆ. ಹಿಡಿಯುವುದು ನಿಜ, ಕನ್ವೇಯರಿನಲ್ಲಿ ಸಿಕ್ಕ ಒಂದು ಚೂರನ್ನು ತೆಗೆಯಲು ಅರ್ಧ ನಿಮಿಷ ಸಾಕಾಗುವಲ್ಲಿ ಕೀಲಿ ಹಾಕಿ, ಪರೀಕ್ಷಿಸಿ, ತೆಗೆಯುವುದಕ್ಕೆ ಹತ್ತು ನಿಮಿಷ ಬೇಕಾದೀತು. ಆದರೆ ಆ ಅರ್ಧ ನಿಮಿಷದ ಕೆಲಸಗಳಲ್ಲಿಯೇ ಕೈಗಳು ಹೋಗಿವೆ, ಏಕೆಂದರೆ ದೊಡ್ಡ ದುರಸ್ತಿಗೆ ಯಾರಾದರೂ ಎಚ್ಚರ ವಹಿಸುತ್ತಾರೆ. ಬೇಲೂರಿನಲ್ಲಾಗಲಿ ತಾರಿಹಾಳದಲ್ಲಾಗಲಿ ಹತ್ತಾರು ಜನರನ್ನಿಟ್ಟುಕೊಂಡು ಶೆಡ್ಡು ನಡೆಸುತ್ತಿರುವ ಯಜಮಾನರಲ್ಲಿ ನನ್ನ ವಿನಂತಿ ಇದು: ನಿಮ್ಮ ಪ್ರತಿಯೊಂದು ಯಂತ್ರದ ಮೇನ್ ಸ್ವಿಚ್ಚಿನ ಹಿಡಿಕೆಗೆ ಕೀಲಿ ತೊಡಿಸಲು ತೂತು ಇದೆಯೇ ನೋಡಿಕೊಳ್ಳಿರಿ, ಇಲ್ಲದಿದ್ದರೆ ಹಾಕಿಸಿರಿ, ದುರಸ್ತಿಗೆ ಕೈಹಾಕುವ ಪ್ರತಿಯೊಬ್ಬನಿಗೂ ಅವನ ಹೆಸರು ಕೊರೆದ ಕೀಲಿಯೊಂದನ್ನು ಕೊಂಡುಕೊಡಿರಿ, ಅದಕ್ಕೆ ತಗಲುವುದು ಕೆಲವು ನೂರು ರೂಪಾಯಿ, ಅಂಗಡಿಯವನು ಕೀಲಿಯೊಡನೆ ಎರಡು ಕೀಲಿಕೈಗಳನ್ನು ಕೊಡುತ್ತಾನೆ, ಎರಡನೆಯದನ್ನು ನಿಮ್ಮ ಮೇಜಿನ ಖಾನೆಯಲ್ಲಿ ಇಟ್ಟುಕೊಳ್ಳದೆ ಆ ಕೆಲಸಗಾರನೆದುರಿಗೇ ಮುರಿದು ಹಾಕಿರಿ.